ಯಮನ ಗದೆ ಒಂದು ಬಣದ ಹತ್ತಿರ, ಪಾಶ ಇನ್ನೊಂದು ಬಣದ ಹತ್ತಿರ

ಮಹದಾಯಿ, ಕಳಸಾ-ಬಂಡೂರಿ ಹೋರಾಟದ ಎಲ್ಲ ಬಣಗಳ ಮುಖಂಡರಿಗೆ,

ಹುಬ್ಬಳ್ಳಿಯ ಒಬ್ಬ ವೇಷದ ಅಂಗಡಿಯವನ ನಮಸ್ಕಾರಗಳು.

ನಿಮ್ಮಲ್ಲಿ ಬಹಳ ಜನ ನನ್ನನ್ನು ಬಲ್ಲಿರಿ. ಹೆಸರು ಗೊತ್ತಿರಲಿಕ್ಕಿಲ್ಲ, 'ಡ್ರೆಸ್ ಕಾಕಾ' ಅಂದರೆ ಗೊತ್ತಾಗುತ್ತದೆ. ದುರ್ಗದ ಬೈಲಿನ ಗದ್ದಲ ದಾಟಿ ಎರಡು ಓಣಿ ಒಳಗೆ ಬಂದರೆ ನನ್ನ ಅಂಗಡಿ. ನಾಟಕ, ಶಾಲೆಯ ಗ್ಯಾದರಿಂಗ್, ಗಣಪತಿ ಮೆರವಣಿಗೆ, ಹೋಳಿಯ ಸೋಗು, ಎಲ್ಲಕ್ಕೂ ವೇಷದ ಸಾಮಾನು ಬಾಡಿಗೆಗೆ ಕೊಡುತ್ತೇನೆ. ನಮ್ಮ ಅಜ್ಜ ಕಂಪನಿ ನಾಟಕಗಳ ಕಾಲದಲ್ಲಿ ಕಿರೀಟ ಕಟ್ಟುತ್ತಿದ್ದರು. ಅಪ್ಪ ಹೊಲಿಗೆ ಮಷಿನ್ ಹಾಕಿದರು. ನಾನು ಅವರಿಬ್ಬರೂ ಮಾಡಿಟ್ಟಿದ್ದನ್ನು ಕಪಾಟಿನಲ್ಲಿಟ್ಟು, ಒಂದು ವಹಿಯಲ್ಲಿ ಬರೆದುಕೊಂಡು ಕೂತಿದ್ದೇನೆ.

ಈ ಪತ್ರಕ್ಕೆ ಕಾರಣ, ಮಹದಾಯಿಯ ಹಳ್ಳಗಳ ನೀರನ್ನು ಮಲಪ್ರಭೆಗೆ ತಿರುಗಿಸಿ ಅನ್ನುವ ನಿಮ್ಮ ಧರಣಿಗೆ ಹೋದ ಒಂದು ಯಮನ ವೇಷ.

ಕಳೆದ ತಿಂಗಳು ಒಂದು ಸೋಮವಾರ. ಬೆಳಿಗ್ಗೆ ಒಂಬತ್ತಕ್ಕೆ ಒಂದು ಬಣದವರ ಫೋನ್ ಬಂತು. "ಕಾಕಾ, ನಾಳೆ ಚನ್ನಮ್ಮ ಸರ್ಕಲ್‌ದಾಗ ಧರಣಿ ಐತ್ರಿ. ಯಮನ ಡ್ರೆಸ್ ತಗದ ಇಡ್ರಿ." ಆಯಿತು ಅಂದೆ. ಹತ್ತೂವರೆಗೆ ಇನ್ನೊಂದು ಬಣದವರ ಫೋನ್. ಅವರಿಗೂ ಯಮನೇ ಬೇಕು, ನಾಳೆಯೇ ಬೇಕು, ಅದೇ ಸರ್ಕಲ್ಲಿಗೇ ಬೇಕು. "ಇಬ್ಬರದೂ ಒಂದ ಬೇಡಿಕಿ, ಒಂದ ಜಾಗಾ. ಕೂಡೇ ಮಾಡಬಾರದನ್ರಿ?" ಅಂದೆ. "ಅವರ ಸಂಗತೀಲೆ ಹ್ಯಾಂಗ್ ಕೂಡೂದ್ರಿ ಕಾಕಾ, ಅವರು ಆ ಪಾರ್ಟಿಯವರು" ಅಂದರು. ಮೊದಲಿನವರಿಗೆ ಫೋನ್ ಹಚ್ಚಿ ಕೇಳಿದೆ. ಇವರ ಬಗ್ಗೆ ಅವರೂ ಅದೇ ಮಾತು ಹೇಳಿದರು. ಪಾರ್ಟಿಯ ಹೆಸರು ಮಾತ್ರ ಬೇರೆ.

ನನ್ನ ಹತ್ತಿರ ಇರುವುದು ಒಂದೇ ಯಮ. ಕಪ್ಪು ಮಖಮಲ್ಲಿನ ನಿಲುವಂಗಿ, ಅಂಚಿಗೆ ಕೆಂಪು ಜರಿ. ಕಿರೀಟ ರಟ್ಟಿನದು, ಮೇಲೆ ಬೇಗಡೆ, ಎಡಬಲಕ್ಕೆ ಎರಡು ಕೋಡು. ಭುಜಕೀರ್ತಿ, ತೋಳಬಂದಿ, ಎದೆಕಟ್ಟು ಅಪ್ಪನ ಕಾಲದವು. ಒಂದು ಗದೆ, ಒಂದು ಪಾಶ. ಪಾಶ ಅಂದರೆ ನೂಲಿನ ಹಗ್ಗ, ಕಪ್ಪು ಬಣ್ಣದಲ್ಲಿ ಅದ್ದಿದ್ದು. ಮುಟ್ಟಿದರೆ ಇವತ್ತಿಗೂ ಕೈಗೆ ಸ್ವಲ್ಪ ಹತ್ತುತ್ತದೆ.

ಮೊದಲ ಬಣದ ಹುಡುಗರು ಸಂಜೆ ಬಂದು ಡ್ರೆಸ್, ಕಿರೀಟ, ಪಾಶ ಒಯ್ದರು. ಗಡಿಬಿಡಿಯಲ್ಲಿ ಗದೆ ಮರೆತರು. ಅರ್ಧ ತಾಸಿನಲ್ಲಿ ಎರಡನೇ ಬಣದವರು ಅಂಗಡಿಗೇ ಬಂದು ನಿಂತರು. ಯಮ ಇಲ್ಲ ಅಂದರೆ ಕೇಳಲಿಲ್ಲ. ಕಡೆಗೆ ದುರ್ಯೋಧನನ ನೀಲಿ ಡ್ರೆಸ್, ಕಂಸನ ಕಿರೀಟ ತಾವೇ ಆರಿಸಿಕೊಂಡು, ಮೂಲೆಯಲ್ಲಿದ್ದ ಗದೆ ಎತ್ತಿಕೊಂಡು ಹೋದರು. ನಾನು ಗಟ್ಟಿಯಾಗಿ ಬೇಡ ಅನ್ನಬೇಕಿತ್ತು. ಅನ್ನಲಿಲ್ಲ. ಅದು ನನ್ನ ತಪ್ಪು.

ಮರುದಿನ ಅಂಗಡಿಗೆ ರಜೆ, ನೋಡಲಿಕ್ಕೆ ಹೋದೆ. ಚನ್ನಮ್ಮನ ಕುದುರೆಯ ಆ ಕಡೆ ಒಂದು ಶಾಮಿಯಾನ, ಈ ಕಡೆ ಒಂದು ಶಾಮಿಯಾನ. ಎರಡು ಮೈಕು. ಆ ಕಡೆಯ ಯಮನಿಗೆ ಪಾಶ ಇದೆ, ಗದೆ ಇಲ್ಲ. ಈ ಕಡೆಯ ಯಮನಿಗೆ ಗದೆ ಇದೆ, ಪಾಶ ಇಲ್ಲ. ಒಂದು ಬಣದವರು ಎಲ್ಲಿಂದಲೋ ಎಮ್ಮೆಯನ್ನೂ ತಂದಿದ್ದರು. ಯಮನಿಗೆ ಬೇಕಾದದ್ದು ಕೋಣ. ಸಿಗಲಿಲ್ಲವಂತೆ. ಹಲಗಿ ಬಾರಿಸಿದ ಕೂಡಲೇ ಆ ಎಮ್ಮೆ ಬೆದರಿ ಹಗ್ಗ ಕಿತ್ತುಕೊಂಡು ರಸ್ತೆಗೆ ಹಾರಿತು. ಚಿಗರಿ ಬಸ್ಸಿನ ಡ್ರೈವರ್ ಬ್ರೇಕ್ ಹಾಕಿ ತಲೆ ಹೊರಗೆ ಹಾಕಿ ಬೈದ ಬೈಗುಳ ಇಲ್ಲಿ ಬರೆಯುವ ಹಾಗಿಲ್ಲ. ಆ ಇಡೀ ದಿನ ಅಷ್ಟು ಸ್ಪಷ್ಟವಾಗಿ ಮಾತಾಡಿದವರು ಅವರೊಬ್ಬರೇ.

ಇಬ್ಬರೂ ಯಮರ ಎದೆಯ ಮೇಲೆ ಅಡ್ಡಡ್ಡ ಒಂದು ಪಟ್ಟಿ ಇತ್ತು. ಪಟ್ಟಿಯ ಮೇಲೆ ಬಣದ ಹೆಸರು, ಅಧ್ಯಕ್ಷರ ಫೋಟೋ. ಅಣ್ಣಾರ, ನಾನು ಐವತ್ತೆಂಟು ವರ್ಷದವನು, ಇಂಥದ್ದು ನೋಡಿರಲಿಲ್ಲ. ಯಮನ ಎದೆಯ ಮೇಲೆ ನಿಮ್ಮ ಫೋಟೋ ಹಾಕಿಸಿಕೊಂಡಿರಲ್ಲ, ಆಯುಷ್ಯ ಹೆಚ್ಚಾಗಲಿ ಅಂತಲೇ?

ಟಿವಿಯವರು ಬಂದರು. ಮೈಕ್ ಹಿಡಿದ ಹುಡುಗಿ ಇಬ್ಬರೂ ಯಮರನ್ನು ಎದುರುಬದುರು ನಿಲ್ಲಿಸಿದಳು. "ಸ್ವಲ್ಪ ಜಗಳ ಆಡಿ ಸರ್, ಒಂದೇ ನಿಮಿಷ." ಅವರು ಆಡಿದರು. ರಾತ್ರಿ ಸುದ್ದಿಯಲ್ಲಿ 'ಯಮ ವರ್ಸಸ್ ಯಮ' ಅಂತ ಬಂತು. ಎರಡು ನಿಮಿಷದ ಆ ಸುದ್ದಿಯಲ್ಲಿ ನೀರು ಅನ್ನುವ ಶಬ್ದ ಒಂದು ಸಲವೂ ಬರಲಿಲ್ಲ. ನಾನು ಎಣಿಸುತ್ತಾ ಕೂತಿದ್ದೆ.

ಆದರೆ ಟಿವಿಯಲ್ಲಿ ಬರದ ಒಂದು ನೋಟ ನಾನು ನೋಡಿದೆ. ಮಧ್ಯಾಹ್ನ ಮುಖಂಡರೆಲ್ಲ ಊಟಕ್ಕೆ ಹೋದ ಮೇಲೆ ಆ ಇಬ್ಬರು ಯಮರು ಹಿಂದಿನ ಚಹಾದಂಗಡಿಯ ಬೆಂಚಿನ ಮೇಲೆ ಕೂತಿದ್ದರು. ಇಬ್ಬರೂ ಕುಂದಗೋಳ ಕಡೆಯ ಒಂದೇ ಊರಿನ ಹುಡುಗರು. ದಿನಗೂಲಿಗೆ ಬಂದವರು, ಐದು ನೂರು ಮಾತಾಗಿತ್ತು. ಒಂದೇ ಪ್ಲೇಟಿನಲ್ಲಿ ಗಿರಮಿಟ್ಟು, ಎರಡು ಮಿರ್ಚಿ. ಒಬ್ಬ ಎಡಗೈಯಲ್ಲಿ ಮೀಸೆ ಮೇಲೆತ್ತಿ ಹಿಡಿದು ತಿನ್ನುತ್ತಿದ್ದ, ಗೋಂದು ಬಿಟ್ಟೀತು ಅಂತ. ಇನ್ನೊಬ್ಬ ಕಿರೀಟ ತೆಗೆದು ಮೊಣಕಾಲ ಮೇಲೆ ಇಟ್ಟುಕೊಂಡು ಅದರಲ್ಲೇ ಮೊಬೈಲ್ ಇಟ್ಟಿದ್ದ. ನನ್ನನ್ನು ನೋಡಿ ನಾಚಿಕೊಂಡು, "ಕಾಕಾ, ಬೆವರಿಗೆ ಒಳಗಿನ ಅಸ್ತರಿ ಹರದೈತ್ರಿ" ಅಂದ. ಇರಲಿ ತಮ್ಮಾ, ತಿನ್ನು ಅಂದೆ.

ನಮ್ಮ ಊರುಗಳಿಗೆ ಹಗಲುವೇಷದವರು ಬರುತ್ತಿದ್ದದ್ದು ನಿಮಗೆ ನೆನಪಿರಬೇಕು. ಒಂದು ಹಾರ್ಮೋನಿಯಂ, ಒಂದು ತಬಲಾ, ಐದಾರು ಜನ. ಒಂದು ದಿನ ರಾಮ-ಲಕ್ಷ್ಮಣ, ಒಂದು ದಿನ ರಾವಣ, ಒಂದು ದಿನ ಭೀಮ. ಮನೆಮನೆ ಮುಂದೆ ನಿಂತು ಹಾಡಿ, ಆಡಿ, ಕಡೆಯ ದಿನ ಜೋಳ, ದುಡ್ಡು ಕೇಳಿ ಒಯ್ಯುತ್ತಿದ್ದರು. ರಾಮನಾದವನು ರಾವಣನಿಗೆ ತಮ್ಮನೋ ಅಳಿಯನೋ ಆಗಿರುತ್ತಿದ್ದ. ಸಂಜೆ ಊರ ಹೊರಗೆ ಒಂದೇ ಒಲೆ, ಒಂದೇ ಗಡಿಗೆ. ಆ ಇಬ್ಬರು ಹುಡುಗರು ಗಿರಮಿಟ್ಟು ತಿನ್ನುವಾಗ ನನಗೆ ಅದೇ ನೆನಪಾಯಿತು. ಕೂಲಿಯವರು ಹಗಲುವೇಷದ ಧರ್ಮ ಉಳಿಸಿಕೊಂಡಿದ್ದಾರೆ. ನೀವು?

ವೇಷ ಹಾಕುವುದೇ ತಪ್ಪು ಅಂತ ನಾನು ಹೇಳಿದರೆ ನನ್ನ ಹೊಟ್ಟೆಯ ಮೇಲೆ ನಾನೇ ಹೊಡೆದುಕೊಂಡಂತೆ. ಹಾಗೆ ಹೇಳುವವರು ಬೇರೆ ಇದ್ದಾರೆ. ಪೇಪರಿನಲ್ಲಿ ಬರೆಯುವ ದೊಡ್ಡವರು, ಕಾಲೇಜಿನ ಮಾಸ್ತರರು. "ಇದು ಹೋರಾಟ ಅಲ್ಲ, ನಾಟಕ" ಅನ್ನುತ್ತಾರೆ. ಅವರಿಗೆ ನನ್ನದೊಂದು ಮಾತು. ನಾಟಕದವರನ್ನು ಸುಮ್ನೆ ಬೈಯಬೇಡಿ. ನಾಟಕದಲ್ಲಿ ಮಾತು ತಪ್ಪಿದರೆ ಜನ ಸಿಳ್ಳೆ ಹೊಡೆದು ಎಬ್ಬಿಸುತ್ತಾರೆ. ಹೋರಾಟದಲ್ಲಿ ಮಾತು ತಪ್ಪಿದರೆ ನಿಗಮ-ಮಂಡಳಿ ಸಿಗುತ್ತದೆ.

ನಮ್ಮ ಕಡೆ ವೇಷಕ್ಕೆ ಬೆಲೆ ಇದೆ. ಮೊಹರಂನಲ್ಲಿ ಹರಕೆ ಹೊತ್ತು ಹುಲಿವೇಷ ಹಾಕುತ್ತಾರೆ. ಆ ಪಟ್ಟೆಯ ಬಣ್ಣದ ಒಳಗಿರುವವನು ಯಾವ ಜಾತಿ ಅಂತ ಯಾರೂ ಕೇಳುವುದಿಲ್ಲ. ಹೋಳಿಯಲ್ಲಿ ಸೋಗು ಹಾಕಿದ ಹುಡುಗ ಊರ ಗೌಡರನ್ನು ಅಣಕಿಸಿದರೂ ಗೌಡರು ನಗಬೇಕು. ಅವತ್ತಿನ ಮಟ್ಟಿಗೆ ಅವನು ಇಂಥವರ ಮಗ ಅಲ್ಲ. ಮುಖ ಮುಚ್ಚಿದರೆ ಮಾತಿಗೆ ಧೈರ್ಯ ಬರುತ್ತದೆ, ಕೇಳುವವರ ಸಿಟ್ಟು ಮಾತಾಡುವವನ ಮನೆಗೆ ಹೋಗುವುದಿಲ್ಲ. ಯಮನ ವೇಷವೂ ಅಷ್ಟೇ. ಯಮನಿಗೆ ಮಂತ್ರಿ, ಜವಾನ ಎಲ್ಲ ಒಂದೇ. ನೀರಿಲ್ಲದೆ ಬೆಳೆ ಒಣಗಿದ ರೈತನ ಬಾಗಿಲಿಗೂ ಅವನು ಬರುತ್ತಾನೆ, ಕೆಂಪು ಗೂಟದ ಕಾರಿನವರ ಬಾಗಿಲಿಗೂ ಬರುತ್ತಾನೆ. ಅದಕ್ಕೇ ಅಲ್ವಾ ನೀವು ಅವನನ್ನು ಆರಿಸಿದ್ದು? ಹಾಗಿದ್ದ ಮೇಲೆ ಎದೆಯ ಮೇಲೆ ಪಟ್ಟಿ ಯಾಕೆ? ಪಟ್ಟಿ ಹಾಕಿದ ಕೂಡಲೇ ಅವನು ಯಮ ಅಲ್ಲ, ನಿಮ್ಮ ಬಣದ ಕಾರ್ಯಕರ್ತ.

ನನ್ನ ಬಾಡಿಗೆ ವಹಿ ತೆಗೆದು ನೋಡಿದೆ. 2015ರ ಪುಟಗಳಲ್ಲಿ ಹೀಗಿದೆ: 'ಮಹದಾಯಿ ಹೋರಾಟ. ಯಮ 1, ಗಂಗಾದೇವಿ 1, ಖಾಲಿ ಕೊಡ ಅವರದೇ. ಬಾಡಿಗೆ ತಗೊಂಡಿಲ್ಲ.' ಆ ವರ್ಷ ಜುಲೈಯಲ್ಲಿ ನರಗುಂದದಲ್ಲಿ ರೈತರು ಧರಣಿ ಕೂತರು. ಸಿನಿಮಾದವರು ಹುಬ್ಬಳ್ಳಿಗೆ ಬಂದರು. ಯಾರು ಬಂದು ಯಮನನ್ನು ಕೇಳಿದರೂ ನಾನು 'ಮಹದಾಯಿ' ಅಂತಲೇ ಬರೆದುಕೊಂಡಿದ್ದೇನೆ. ಬೇರೆ ಹೆಸರು ಕೇಳುವ ವಿಚಾರವೇ ಬಂದಿರಲಿಲ್ಲ. 2016ರ ಜುಲೈ ಪುಟ ಖಾಲಿ. ನದಿ ನೀರಿನ ಜಗಳ ತೀರ್ಮಾನಿಸುವ ಟ್ರಿಬ್ಯುನಲ್ 7 ಟಿಎಂಸಿ (ಒಂದು ಟಿಎಂಸಿ ಅಂದರೆ ನೂರು ಕೋಟಿ ಘನ ಅಡಿ) ನೀರಿನ ಮಧ್ಯಂತರ ಅರ್ಜಿ ತಳ್ಳಿಹಾಕಿದ್ದು ಆ ತಿಂಗಳು. ನವಲಗುಂದ ಹೊತ್ತಿ ಉರಿಯಿತು, ಯಮನೂರಿನಲ್ಲಿ ಪೊಲೀಸರು ಮನೆ ಹೊಕ್ಕು ಹೆಂಗಸರು, ಮುದುಕರು ಅನ್ನದೆ ಹೊಡೆದರು. ಆವಾಗ ಯಾರಿಗೂ ವೇಷ ಬೇಕಾಗಿರಲಿಲ್ಲ. ಚಾಂಗದೇವರ ಜಾತ್ರೆಯಿಂದ ಹೆಸರಾದ ಊರು ಲಾಠಿಯಿಂದ ಹೆಸರಾಯಿತು.

2017ರ ಡಿಸೆಂಬರ್‌ನಿಂದ ವಹಿಯ ಬರಹ ಬದಲಾಗಿದೆ. ಆ ತಿಂಗಳು ಹುಬ್ಬಳ್ಳಿಯ ಸಭೆಯಲ್ಲಿ ಬಿಜೆಪಿಯ ಯಡಿಯೂರಪ್ಪನವರು, ಕುಡಿಯುವ ನೀರಿನ ಬಗ್ಗೆ ಮಾತುಕತೆಗೆ ಸಿದ್ಧ ಅಂತ ಗೋವಾ ಮುಖ್ಯಮಂತ್ರಿ ಪರ್ರಿಕರ್ ಬರೆದ ಪತ್ರ ಓದಿದರು. ರೈತರು ಬೆಂಗಳೂರಿಗೆ ಹೋಗಿ ಬಿಜೆಪಿ ಕಚೇರಿಯ ಮುಂದೆ ಚಳಿಯಲ್ಲಿ ಕೂತರು. ಇದು ಕಾಂಗ್ರೆಸ್‌ನವರು ಕೂರಿಸಿದ್ದು ಅಂತ ಬಿಜೆಪಿಯವರು, ಆ ಪತ್ರವೇ ಚುನಾವಣೆಯ ಪತ್ರ ಅಂತ ಕಾಂಗ್ರೆಸ್ಸಿನವರು. ಅಲ್ಲಿಂದ ಮುಂದೆ ನನ್ನ ವಹಿಯಲ್ಲಿ ಮಹದಾಯಿ ಶಬ್ದದ ಪಕ್ಕ ಒಂದು ಗೆರೆ, ಗೆರೆಯ ಪಕ್ಕ ಬಣದ ಹೆಸರು. ಡಿಪಾಜಿಟ್ ಯಾರಿಗೆ ವಾಪಸ್ ಕೊಡಬೇಕು ಅಂತ ಜಗಳ ಆಗಿ, ನಾನೇ ಹಾಗೆ ಬರೆಯಲಿಕ್ಕೆ ಶುರು ಮಾಡಿದೆ.

ಹಿಂದೆಯೂ ಹೀಗೇ ಆಗಿದೆ. ನನ್ನ ಅವ್ವನ ತವರು ನವಲಗುಂದ. 1980ರ ಜುಲೈ 21ರಂದು ನಾನು ಹದಿಮೂರರ ಹುಡುಗ. ಮಲಪ್ರಭಾ ಕಾಲುವೆಯ ನೀರು ಸರಿಯಾಗಿ ಬಾರದೆಯೇ ಅಭಿವೃದ್ಧಿ ಕರ ಕೊಡಿ ಅಂತ ಸರ್ಕಾರ ಕೂತಿತ್ತು. ಅವತ್ತು ನರಗುಂದ, ನವಲಗುಂದ ಎರಡೂ ಕಡೆ ಗೋಲಿಬಾರ್ ಆಯಿತು, ರೈತರು ಸತ್ತರು, ನರಗುಂದದಲ್ಲಿ ಪೊಲೀಸರ ಜೀವವೂ ಹೋಯಿತು. ನಮ್ಮ ಸೋದರಮಾವ ಮೂರು ದಿನ ಹೊಲದಲ್ಲಿ ಅಡಗಿದ್ದು ರಾತ್ರಿ ಹುಬ್ಬಳ್ಳಿಗೆ ಬಂದ. ಮೈಮೇಲೆ ಒಂದು ಹರಕು ಬಿಳಿ ಅಂಗಿ, ತಲೆಗೆ ಸುತ್ತಿದ್ದ ಟವಲ್ಲು. ಬಂದವನು ಮೊದಲು ಕೇಳಿದ್ದು ಒಂದು ತಂಬಿಗೆ ನೀರು.

ಅದೇ ವರ್ಷ ಶಿವಮೊಗ್ಗದಲ್ಲಿ ರೈತ ಸಂಘ ಹುಟ್ಟಿತು. ರುದ್ರಪ್ಪನವರು, ಸುಂದರೇಶ್, ಪ್ರೊ. ನಂಜುಂಡಸ್ವಾಮಿ. ಮುಂದೆ ಹಸಿರು ಶಾಲು ಬಂತು. ನಮ್ಮ ಅಂಗಡಿಗೂ ಬಂತು. ಒಬ್ಬರು ಒಂದು ಇಡೀ ತಾನು ಹಸಿರು ಬಟ್ಟೆ ಸೈಕಲ್ಲಿನ ಹಿಂದೆ ಕಟ್ಟಿಕೊಂಡು ಬಂದು ಅಪ್ಪನ ಮುಂದೆ ಇಳಿಸಿದರು. ಕತ್ತರಿಸಿ ಅಂಚು ಹೊಲಿಯಬೇಕು. ಅಪ್ಪ ಮಷಿನ್ ತುಳಿಯುತ್ತಿದ್ದರು, ನಾನು ದಾರ ಕಡಿಯುತ್ತಿದ್ದೆ. ಒಂದೇ ತಾನಿನ ತುಂಡುಗಳು. ಯಾವುದು ಹೆಬಸೂರಿಗೆ ಹೋಯಿತು, ಯಾವುದು ಅಣ್ಣಿಗೇರಿಗೆ ಹೋಯಿತು ಗೊತ್ತಿಲ್ಲ. ಮೇಲೆ ಏನೂ ಬರೆದಿರಲಿಲ್ಲ. ಆ ತುಂಡು ಹೆಗಲ ಮೇಲೆ ಇದ್ದರೆ ತಹಶೀಲ್ದಾರರು ಕುರ್ಚಿ ಕೊಡುತ್ತಿದ್ದ ಕಾಲ ಒಂದಿತ್ತು. ಈಗ ನನ್ನ ಅಂಗಡಿಗೆ ಹಸಿರು ಶಾಲು ಬರುವುದು ಪ್ರಿಂಟಿಗೆ. ಒಂದು ತುದಿಗೆ ಸಂಘದ ಹೆಸರು, ಇನ್ನೊಂದು ತುದಿಗೆ 'ಇಂಥವರ ಬಣ'. ಹಸಿರಿನಲ್ಲೂ ನಾಲ್ಕು ತರಹ ಬಣ್ಣ ಕೇಳುತ್ತಾರೆ. ಗಿಳಿಹಸಿರು ಅವರದು, ಎಲೆಹಸಿರು ಇವರದು. ದೂರದಿಂದಲೇ ಗುರುತು ಸಿಗಬೇಕಂತೆ.

ಒಡಕು ಕೆಳಗಿನಿಂದ ಬರುವುದಿಲ್ಲ, ಅದನ್ನೂ ಇಲ್ಲಿಯೇ ನೋಡಿದ್ದೇವೆ. 1989ರ ಚುನಾವಣೆಯಲ್ಲಿ ಬಾಬಾಗೌಡ ಪಾಟೀಲರು ರೈತ ಸಂಘದಿಂದ ಗೆದ್ದರು. ನಂಜುಂಡಸ್ವಾಮಿಯವರು ನಮ್ಮ ಧಾರವಾಡ ಕ್ಷೇತ್ರದಿಂದಲೇ ವಿಧಾನಸಭೆಗೆ ಹೋದರು. ಮೈಸೂರು ಕಡೆಯ ಮನುಷ್ಯನನ್ನು ಧಾರವಾಡದ ರೈತರು ಗೆಲ್ಲಿಸಿದರು ಅಂದರೆ ಆ ಶಾಲಿಗೆ ಎಷ್ಟು ಕಿಮ್ಮತ್ತು ಇತ್ತು ಲೆಕ್ಕ ಹಾಕಿ. ಮುಂದೆ ಅದೇ ಬಾಬಾಗೌಡರು 1998ರಲ್ಲಿ ಬಿಜೆಪಿಯಿಂದ ಬೆಳಗಾವಿಯ ಸಂಸದರಾಗಿ ವಾಜಪೇಯಿ ಸರ್ಕಾರದಲ್ಲಿ ಮಂತ್ರಿಯಾದರು. ನಂಜುಂಡಸ್ವಾಮಿಯವರು 2004ರಲ್ಲಿ ತೀರಿಕೊಂಡ ಮೇಲೆ ಬಣಗಳ ಲೆಕ್ಕ ನನಗೆ ಸಿಕ್ಕಿಲ್ಲ. ಯಾರಾದರೂ ಪಾರ್ಟಿಗೆ ಹೋಗುವುದು ತಪ್ಪು ಅಂತಲ್ಲ. ಹೋಗುವಾಗ ಶಾಲು ಮಡಚಿ ಇಟ್ಟು ಹೋಗಬೇಕಿತ್ತು. ಯಾರೂ ಇಡಲಿಲ್ಲ.

ಮತ್ತೆ ಆ ಶಾಲು ಎಲ್ಲಿಯವರೆಗೆ ಹೋಯಿತು ನೋಡಿ. 2008ರ ಮೇ 30ರಂದು ಯಡಿಯೂರಪ್ಪನವರು ರೈತರ ಹೆಸರಿನಲ್ಲಿ ಪ್ರಮಾಣವಚನ ತೆಗೆದುಕೊಂಡರು. ಸರಿಯಾಗಿ ಹನ್ನೊಂದು ದಿನಕ್ಕೆ, ಜೂನ್ 10ಕ್ಕೆ, ಹಾವೇರಿಯಲ್ಲಿ ಗೊಬ್ಬರ ಕೇಳಲಿಕ್ಕೆ ಬಂದ ರೈತರ ಮೇಲೆ ಗೋಲಿಬಾರ್. ಇಬ್ಬರ ಜೀವ ಹೋಯಿತು. ಅವರು ಕೇಳಿದ್ದು ಡಿಎಪಿ ಚೀಲ. ಅವತ್ತಿನಿಂದ ಯಾವ ಮುಖ್ಯಮಂತ್ರಿಯ ಹೆಗಲ ಮೇಲೆ ಹಸಿರು ಕಂಡರೂ ನನಗೆ ಅದು ಬಾಡಿಗೆ ಸಾಮಾನು ಅನಿಸುತ್ತದೆ. ಈ ಮಾತು ಒಂದೇ ಪಾರ್ಟಿಗೆ ಅಲ್ಲ. ಗೆದ್ದ ಮರುದಿನ ಶಾಲು ಹೊದೆಯದ ಪಾರ್ಟಿ ಯಾವುದಿದೆ?

ಈಗ ನೀರಿನ ಮಾತಿಗೆ ಬರುತ್ತೇನೆ, ಯಾಕೆಂದರೆ ನಿಮ್ಮ ಜಗಳದಲ್ಲಿ ಅದೇ ಕಳೆದುಹೋಗಿದೆ. ನಾನು ಪಿಯುಸಿ ತನಕ ಓದಿದವನು, ತಿಳಿದಷ್ಟು ಬರೆಯುತ್ತೇನೆ. ಮಹದಾಯಿ ಖಾನಾಪುರ ತಾಲೂಕಿನಲ್ಲಿ ಹುಟ್ಟಿ ಗೋವಾಕ್ಕೆ ಇಳಿದು ಮಾಂಡೋವಿ ಅನ್ನಿಸಿಕೊಂಡು ಪಣಜಿಯ ಹತ್ತಿರ ಸಮುದ್ರ ಸೇರುತ್ತದೆ. ಕಳಸಾ, ಬಂಡೂರಿ ಎಂಬ ಹಳ್ಳಗಳ ನೀರನ್ನು ಈ ಕಡೆ ತಿರುಗಿಸಿ ಮಲಪ್ರಭೆಗೆ ಹಾಕಬೇಕು ಅನ್ನುವುದು ಬೇಡಿಕೆ. ಕುಡಿಯುವ ನೀರಿಗೆ. ಸವದತ್ತಿಯ ನವಿಲುತೀರ್ಥ ಡ್ಯಾಮಿನ ಹೊಟ್ಟೆ 37 ಟಿಎಂಸಿಗಿಂತ ದೊಡ್ಡದು, ಆದರೆ ತುಂಬುವುದು ಅಪರೂಪ. 2002ರಲ್ಲಿ ಕೇಂದ್ರ 7.56 ಟಿಎಂಸಿಗೆ ತಾತ್ವಿಕ ಒಪ್ಪಿಗೆ ಕೊಟ್ಟಿತು, ಅದೇ ವರ್ಷ ತಡೆಯೂ ಹಿಡಿಯಿತು. 2010ರಲ್ಲಿ ಟ್ರಿಬ್ಯುನಲ್ ಆಯಿತು. 2018ರ ಆಗಸ್ಟ್ 14ರಂದು ತೀರ್ಪು ಬಂತು. ಕರ್ನಾಟಕಕ್ಕೆ 13.42 ಟಿಎಂಸಿ. ಪಟಾಕಿ ಹೊಡೆದೆವು. ಆಮೇಲೆ ನೋಡಿದರೆ ಅದರಲ್ಲಿ 8.02 ಕರೆಂಟು ತಯಾರಿಸಲಿಕ್ಕೆ, ಅದು ಮತ್ತೆ ಹೊಳೆಗೇ ಹೋಗುವ ನೀರು. ಮಲಪ್ರಭೆಗೆ ತಿರುಗಿಸಲಿಕ್ಕೆ ಸಿಕ್ಕಿದ್ದು 3.9. ಕಳಸಾದಿಂದ 1.72, ಬಂಡೂರಿಯಿಂದ 2.18. ನಿಮ್ಮ ಧರಣಿಯಲ್ಲಿ ಮೈಕ್ ಹಿಡಿದವರು ಇನ್ನೂ '13 ಟಿಎಂಸಿ ನಮ್ಮ ಹಕ್ಕು' ಅಂತ ಕೂಗುತ್ತಿದ್ದರು. ಇನ್ನೊಂದು ಬಣದವರು 'ಏಳೂವರೆ' ಅನ್ನುತ್ತಿದ್ದರು. ರಸ್ತೆಯ ಎರಡು ಬದಿಗೆ ಎರಡು ಲೆಕ್ಕ.

2020ರ ಫೆಬ್ರವರಿಯಲ್ಲಿ ಆ ತೀರ್ಪು ಕೇಂದ್ರದ ಗೆಜೆಟ್ಟಿನಲ್ಲಿ ಬಂತು. 2022ರ ಡಿಸೆಂಬರ್‌ನಲ್ಲಿ ಡಿಪಿಆರ್‌ಗೆ (ಯೋಜನೆಯ ವಿವರವಾದ ವರದಿಗೆ) ಕೇಂದ್ರ ಜಲ ಆಯೋಗದ ಒಪ್ಪಿಗೆ ಬಂತು. ಆಮೇಲೆ ಫೈಲು ಅರಣ್ಯ, ವನ್ಯಜೀವಿ ಅಂತ ಕಾಡು ಹೊಕ್ಕಿತು. ಗೋವಾದವರು ಸುಪ್ರೀಂ ಕೋರ್ಟಿಗೆ ಹೋಗಿದ್ದಾರೆ. ಅವರ ಕಡೆಯೂ ನದಿ ಉಳಿಸಿ ಅಂತ ಬೀದಿಗೆ ಇಳಿದ ಜನ ಇದ್ದಾರೆ, ಅವರನ್ನು ನಾನು ಕಳ್ಳರು ಅನ್ನುವುದಿಲ್ಲ. ತಮ್ಮ ಹೊಳೆಯ ಬಗ್ಗೆ ಹೆದರಿಕೆ ಅವರಿಗೂ ಇರುತ್ತದೆ.

ಇನ್ನು ಯಾರ ತಪ್ಪು ಅನ್ನುವ ವಿಚಾರ. ಒಂದು ಬಣದ ಯಮ ದೆಹಲಿಯ ಕಡೆ ಪಾಶ ಬೀಸುತ್ತಿದ್ದ. ಇನ್ನೊಂದು ಬಣದ ಯಮ ಬೆಂಗಳೂರಿನ ಕಡೆ ಗದೆ ತೋರಿಸುತ್ತಿದ್ದ. 2005ರಲ್ಲಿ ಕೆಲವು ತಿಂಗಳು ದೆಹಲಿ, ಬೆಂಗಳೂರು, ಪಣಜಿ ಮೂರೂ ಕಡೆ ಕಾಂಗ್ರೆಸ್ ನೇತೃತ್ವದ ಸರ್ಕಾರಗಳಿದ್ದವು. ನೀರು ಬರಲಿಲ್ಲ. 2019ರಿಂದ 2023ರವರೆಗೆ ಮೂರೂ ಕಡೆ ಬಿಜೆಪಿ ಇತ್ತು. ಗೆಜೆಟ್ ಬಂತು, ಡಿಪಿಆರ್ ಬಂತು, ನೀರು ಬರಲಿಲ್ಲ. ನಮ್ಮ ಓಣಿಯಲ್ಲಿ ನಳದ ನೀರು ಈಗಲೂ ವಾರಕ್ಕೊಮ್ಮೆ. ಬಂದ ದಿನ ಹೆಂಗಸರು ರಾತ್ರಿ ಎರಡಕ್ಕೆ ಎದ್ದು ಬ್ಯಾರಲ್ ತುಂಬುತ್ತಾರೆ. ಇಷ್ಟು ಗೊತ್ತಿದ್ದೂ ಯಮನನ್ನು ಒಂದೇ ಬಾಗಿಲಿಗೆ ಕಳಿಸುವುದು ಯಾವ ಲೆಕ್ಕ? ನಿಮ್ಮ ಪಾರ್ಟಿ ಅಧಿಕಾರಕ್ಕೆ ಬಂದ ಕೂಡಲೇ ನಿಮ್ಮ ಬಣದವರು ನನ್ನ ಅಂಗಡಿಗೆ ಬರುವುದೇ ನಿಂತುಹೋಗುತ್ತದೆ. ವಹಿಯಲ್ಲಿ ಅದೂ ಇದೆ. ಒಂದು ಬಣದ ಹೆಸರು ಅವರ ಪಾರ್ಟಿಯ ಸರ್ಕಾರ ಇರುವವರೆಗೆ ಇಲ್ಲ, ಸರ್ಕಾರ ಬದಲಾದ ತಿಂಗಳೇ ಮತ್ತೆ ಬಂದಿದೆ. ಇನ್ನೊಂದರದ್ದು ಅದರ ಉಲ್ಟಾ. ಬೇಕಾದರೆ ಬಂದು ನೋಡಿ. ಎರಡೂ ಬಣಗಳ ಹೆಸರು ಒಂದೇ ಪುಟದಲ್ಲಿ ಬಂದಿದ್ದು ಮೊನ್ನೆ ಮಾತ್ರ, ಅದೂ ಯಮನಿಗಾಗಿ ಜಗಳಾಡಲಿಕ್ಕೆ.

"ಕಾಕಾ, ವೇಷ ಹಾಕದಿದ್ದರೆ ಟಿವಿಯವರು ಬರೂದಿಲ್ಲ" ಅನ್ನುತ್ತೀರಿ. ಖರೆ. 2017ರಲ್ಲಿ ತಮಿಳುನಾಡಿನ ರೈತರು ತಮ್ಮ ಮುಖಂಡ ಅಯ್ಯಾಕಣ್ಣು ಅವರ ಜೊತೆ ದೆಹಲಿಯ ಜಂತರ್ ಮಂತರ್‌ನಲ್ಲಿ ತಲೆಬುರುಡೆ ಇಟ್ಟುಕೊಂಡು ಕೂತಾಗ ಇಡೀ ದೇಶ ನೋಡಿತು. ಆದರೆ ಅದೇ ಅಯ್ಯಾಕಣ್ಣು 2019ರಲ್ಲಿ ವಾರಾಣಸಿಯಲ್ಲಿ 111 ರೈತರು ಚುನಾವಣೆಗೆ ನಿಲ್ಲುತ್ತೇವೆ ಅಂತ ಹೇಳಿ, ಅಮಿತ್ ಶಾ ಅವರನ್ನು ಕಂಡು ಬಂದ ಮೇಲೆ ಹಿಂದೆ ಸರಿದರು. ಆಂಧ್ರದ ಸಂಸದ ಶಿವಪ್ರಸಾದ್ 2018ರಲ್ಲಿ ವಿಶೇಷ ಸ್ಥಾನಮಾನ ಕೇಳುತ್ತಾ ದಿನಕ್ಕೊಂದು ವೇಷದಲ್ಲಿ ಪಾರ್ಲಿಮೆಂಟಿಗೆ ಬರುತ್ತಿದ್ದರು. ಒಂದು ದಿನ ನಾರದ, ಒಂದು ದಿನ ಹಿಟ್ಲರ್. ಮೂಲದಲ್ಲಿ ನಟ, ವೇಷ ಚೆನ್ನಾಗಿ ಒಪ್ಪುತ್ತಿತ್ತು. ನನ್ನ ಕಣ್ಣು ಸಹಜವಾಗಿ ಹೊಲಿಗೆಯ ಮೇಲೆ ಹೋಗುತ್ತಿತ್ತು, ಬಟ್ಟೆ ಒಳ್ಳೆಯದು ಇತ್ತು. ಇವತ್ತು ಜನರಿಗೆ ವೇಷ ನೆನಪಿದೆ. ಸ್ಥಾನಮಾನ ಸಿಗಲಿಲ್ಲ.

ವೇಷ ಇಲ್ಲದೆಯೂ ನಮ್ಮ ಜಿಲ್ಲೆಯವರು ದೇಶ ತಿರುಗಿ ನೋಡುವ ಹಾಗೆ ಮಾಡಿದ್ದಾರೆ. ಹಾನಗಲ್ ತಾಲೂಕಿನ ಕುಸನೂರು ಆಗ ಧಾರವಾಡ ಜಿಲ್ಲೆಯಲ್ಲೇ ಇತ್ತು. 1987ರ ನವೆಂಬರ್‌ನಲ್ಲಿ, ಎಸ್.ಆರ್. ಹಿರೇಮಠರ ಸಮಾಜ ಪರಿವರ್ತನ ಸಮುದಾಯದ ಜೊತೆ ಜನ ಹೋಗಿ, ಹಳ್ಳಿಗರ ಜಮೀನಿನಲ್ಲಿ ಒಂದು ಕಂಪನಿ ಹಚ್ಚಿದ್ದ ನೀಲಗಿರಿ ಸಸಿ ಕಿತ್ತು ತಮಗೆ ಬೇಕಾದ ಗಿಡ ನೆಟ್ಟರು. 'ಕಿತ್ತಿಕೋ ಹಚ್ಚಿಕೋ' ಅಂತಲೇ ಹೆಸರು. ಕೈಯಲ್ಲಿ ಒಂದು ಸಸಿ, ಅಷ್ಟೇ. ಜಮೀನು ಹಿಡಿದಿದ್ದ ಆ ಕಂಪನಿಯೇ ಕೆಲವು ವರ್ಷಕ್ಕೆ ಬಾಗಿಲು ಹಾಕಿತು. ಸಸಿಯ ಮೇಲೆ ಯಾರೂ ಫೋಟೋ ಅಂಟಿಸಿರಲಿಲ್ಲ.

ಮೊನ್ನೆ ಧರಣಿಯಲ್ಲಿ ಒಬ್ಬ ಮುದುಕ ರೈತ ನನ್ನ ಪಕ್ಕ ನಿಂತಿದ್ದ. ಶಿರಗುಪ್ಪಿ ಕಡೆಯವನು. ಯಾವ ಶಾಮಿಯಾನದಲ್ಲೂ ಕೂತಿರಲಿಲ್ಲ. "ಯಾಕ ಅಜ್ಜಾ, ಬಿಸಲಾಗ ನಿಂತೀದಿ?" ಅಂದೆ. "ಆ ಕಡೆ ಕುಂತ್ರ ಈ ಕಡೆಯವ್ರು ಸಾಲದ ಯಾದಿಯೊಳಗ ಹೆಸರ ತಗೀತಾರ. ಈ ಕಡೆ ಕುಂತ್ರ ಆ ಕಡೆಯವ್ರು. ಬಿಸಲ ಚಲೋ ಐತಿ" ಅಂದ. ಸೊಸೈಟಿ ಸಾಲದ ಮಾತು ಅದು. ಅವನ ತಲೆಗೆ ಸುತ್ತಿದ್ದ ಟವಲ್ ಒಂದು ಕಾಲದಲ್ಲಿ ಹಸಿರಾಗಿತ್ತು. ತೊಳೆದು ತೊಳೆದು ಬೂದಿಯ ಬಣ್ಣ ಆಗಿತ್ತು. ಅಂಚಿನ ಹೊಲಿಗೆ ನೋಡಿದೆ, ಕೈ ತಡೆಯಲಿಲ್ಲ. ಒಂದೂವರೆ ಬೆರಳು ಮಡಚಿ ಎರಡು ಸಾಲು ಹಾಕಿದ ಹೊಲಿಗೆ. ಅಪ್ಪ ಹಾಗೇ ಹಾಕುತ್ತಿದ್ದರು. ಅಪ್ಪನದೇ ಅಂತ ಹೇಳಲಾರೆ, ಹಾಗೆ ಹಾಕುವವರು ಆಗ ಬಹಳ ಜನ ಇದ್ದರು.

ಆದ್ದರಿಂದ ಇನ್ನು ಮುಂದೆ ನನ್ನ ಅಂಗಡಿಯಲ್ಲಿ ಯಮನಿಗೆ ಬೇರೆ ಕರಾರು. ಹಣ ಬೇಡ, 2015ರ ಹಾಗೆ ಬಿಟ್ಟಿ ಕೊಡುತ್ತೇನೆ. ಆದರೆ ಎದೆಯ ಮೇಲೆ ಪಟ್ಟಿ ಇರಬಾರದು. ಧರಣಿ ಯಾರದೇ ಇರಲಿ, ಯಮ ಆ ದಿನ ಎಲ್ಲ ಪಾರ್ಟಿಗಳ ಆಫೀಸಿನ ಬಾಗಿಲಿಗೂ ಹೋಗಿ ನಿಂತು ಬರಬೇಕು. ಹುಬ್ಬಳ್ಳಿಯಲ್ಲಿ ಅವೆಲ್ಲ ಅಂಥಾ ದೂರ ಏನಿಲ್ಲ, ಎಮ್ಮೆ ಇಲ್ಲದೆಯೂ ನಡೆದು ಹೋಗಬಹುದು. ವಹಿಯಲ್ಲಿ ಸಹಿ ಹಾಕುವವರು ಇಬ್ಬರು ಇರಬೇಕು, ಎರಡು ಬಣದಿಂದ ಒಬ್ಬೊಬ್ಬರು. ಜುಲೈ 21ಕ್ಕೆ ನರಗುಂದ, ನವಲಗುಂದದಲ್ಲಿ ಹುತಾತ್ಮರಿಗೆ ಮಾಲೆ ಹಾಕಲಿಕ್ಕೆ ನೀವು ಬೇರೆ ಬೇರೆ ಹೊತ್ತಿಗೆ ಬರುತ್ತೀರಿ, ಒಬ್ಬರ ಕಾರು ಹೋದ ಮೇಲೆ ಇನ್ನೊಬ್ಬರ ಕಾರು. ಅದನ್ನು ತಡೆಯುವ ಶಕ್ತಿ ನನಗಿಲ್ಲ. ನನ್ನ ಕಪಾಟಿನ ಕೀಲಿ ಮಾತ್ರ ನನ್ನ ಕೈಯಲ್ಲಿದೆ.

ಕೊನೆಗೆ ಲೆಕ್ಕ. ಡ್ರೆಸ್ಸು, ಕಿರೀಟಗಳು ವಾಪಸ್ ಬಂದಿವೆ. ಯಮನ ಕಿರೀಟದ ಎಡಗೋಡು ಮುರಿದಿದೆ, ಅಂಟಿಸಿದ್ದೇನೆ. ಅಸ್ತರಿಯನ್ನೂ ಹೊಲಿದಿದ್ದೇನೆ. ಗದೆ ಇನ್ನೂ ಬಂದಿಲ್ಲ. ಪಾಶವೂ ಬಂದಿಲ್ಲ. ಗದೆ ಇದ್ದವರು "ಅವರು ಪಾಶ ಕೊಡಲಿ, ಆಮ್ಯಾಲೆ ನಾವು" ಅನ್ನುತ್ತಾರೆ. ಪಾಶ ಇದ್ದವರು ಗದೆಯ ದಾರಿ ಕಾಯುತ್ತಿದ್ದಾರೆ.

ಆ ಇಬ್ಬರು ಹುಡುಗರು ನಿನ್ನೆ ಬಂದಿದ್ದರು. ಕೂಲಿ ಸಂದಿಲ್ಲವಂತೆ. ಗದೆ, ಪಾಶ ತರುವಾಗ ಅವರ ಐದೈದು ನೂರೂ ತನ್ನಿ. ಅಂಗಡಿ ರಾತ್ರಿ ಎಂಟರವರೆಗೆ ತೆರೆದಿರುತ್ತದೆ, ಮಂಗಳವಾರ ರಜೆ.

ನಿಮ್ಮ,
ಡ್ರೆಸ್ ಕಾಕಾ
ಹುಬ್ಬಳ್ಳಿ